ಪಿಸ್ಟನ್ನೋ ಟರ್ಬೈನೋ: ಒಂದೇ ಬಾಯ್ಲರಿಗೆ ಎರಡು ಯಂತ್ರ ಜೋಡಿಸಿ ನೋಡಿದೆ

ಜರ್ಮನ್ ನೌಕಾಪಡೆಯ ಟಾರ್ಪಿಡೊ ದೋಣಿಗಳ ಹೆಸರಿನಲ್ಲೇ ಅವುಗಳ ತವರು, ಎಂದರೆ ಅವನ್ನು ಕಟ್ಟಿದ ಹಡಗುಕಟ್ಟೆ, ಇರುತ್ತಿತ್ತು. ಎಸ್ ಎಂದರೆ ಎಲ್ಬಿಂಗ್‌ನ ಶಿಖಾವ್, ವಿ ಎಂದರೆ ಸ್ಟೆಟಿನ್‌ನ ವಲ್ಕನ್, ಜಿ ಎಂದರೆ ಕೀಲ್‌ನ ಗೆರ್ಮಾನಿಯಾ. 1907ರ ಆಸುಪಾಸಿನಲ್ಲಿ ವಲ್ಕನ್ ಕಟ್ಟೆಯವರು ವಿ150ರಿಂದ ವಿ160ರವರೆಗಿನ ಹನ್ನೊಂದು ದೋಣಿಗಳಿಗೆ ಪಿಸ್ಟನ್ ಯಂತ್ರ ಕೂರಿಸಿದರು. ಅದೇ ಸರಣಿಯ ಕೊನೆಯ ವಿ161ಕ್ಕೆ ಮಾತ್ರ ಎಇಜಿ-ಕರ್ಟಿಸ್ ಬಗೆಯ ಟರ್ಬೈನ್, ಎಂದರೆ ಉಗಿಯ ರಭಸಕ್ಕೆ ತಿರುಗುವ ಅಲಗಿನ ಚಕ್ರದ ಯಂತ್ರ, ಕೊಟ್ಟರು. ಶಿಖಾವ್‌ನ ಎಸ್125 ಪಾರ್ಸನ್ಸ್ ಟರ್ಬೈನ್ ಹೊತ್ತು 1904ರಲ್ಲೇ ನೀರಿಗಿಳಿದಿತ್ತು. ಮತ್ತೆ ಪಿಸ್ಟನ್‌ಗೆ ಏಕೆ ಮರಳಿದರು? ಈ ಪ್ರಶ್ನೆ ನನ್ನನ್ನು ವರ್ಷಗಟ್ಟಲೆ ಬಿಡಲಿಲ್ಲ.

ಕೊನೆಗೆ ನಾನೇ ಪರೀಕ್ಷಿಸಲು ಮಾದರಿ ದೋಣಿಯೊಂದಕ್ಕೆ ಒಂದು ಮೀಟರ್ ಉದ್ದದ ಒಡಲು, ಅರ್ಧ ಲೀಟರ್ ನೀರು ಹಿಡಿಯುವ ತಾಮ್ರದ ಬಾಯ್ಲರ್, ಅದರಡಿಗೆ ಗ್ಯಾಸ್ ಬರ್ನರ್ ಮಾಡಿಕೊಂಡೆ. ಯಂತ್ರ ಮಾತ್ರ ಬದಲಾಗಬೇಕು, ಉಳಿದದ್ದೆಲ್ಲ ಒಂದೇ.

ಮೊದಲು ಎರಡು ಸಿಲಿಂಡರಿನ ಪಿಸ್ಟನ್ ಯಂತ್ರ. ನಿಜವಾದ ದೋಣಿಗಳಲ್ಲಿ ಉಗಿ ಚಿಕ್ಕ ಸಿಲಿಂಡರಿನಿಂದ ನಡುವಿನದಕ್ಕೆ, ಅಲ್ಲಿಂದ ದೊಡ್ಡದಕ್ಕೆ ಹಾದು ಮೂರು ಹಂತಗಳಲ್ಲಿ ಹಿಗ್ಗುತ್ತಿತ್ತು. ನನ್ನದರಲ್ಲಿ ಅಷ್ಟು ಸೊಗಸಿಲ್ಲ. ಆದರೂ ಉಗಿ ತುಸು ತೆರೆದರೆ ಸಾಕು, ಪ್ರೊಪೆಲ್ಲರ್ ನಿಧಾನವಾಗಿ, ಬಿಗಿಯಾಗಿ ತಿರುಗುತ್ತದೆ. ಸನ್ನೆ ಹೊರಳಿಸಿದರೆ ಅದೇ ಯಂತ್ರ ಹಿಂದಕ್ಕೂ ಓಡುತ್ತದೆ. ಒಂದು ಬಾಯ್ಲರ್ ನೀರಿಗೆ ಹದಿನೆಂಟು ನಿಮಿಷ ಕೆರೆ ಸುತ್ತಿತು. ವೇಗ ಏರಿಸಿದಾಗ ಮಾತ್ರ ಸ್ವಭಾವವೇ ಬೇರೆಯಾಯಿತು. ಒಡಲಿನ ತಗಡು ನಡುಗಿತು, ಕ್ರ್ಯಾಂಕಿನ ಎಣ್ಣೆ ಸುತ್ತಲೂ ಸಿಡಿಯಿತು, ಎರಡು ಬಾರಿ ತಿರುಪು ಕಳಚಿತು. ಅಂಗೈ ಅಗಲದ ಯಂತ್ರವೇ ಹೀಗಾದರೆ, ಸಾವಿರಾರು ಅಶ್ವಶಕ್ತಿಯ ಯಂತ್ರವನ್ನು ಗಂಟೆಗಟ್ಟಲೆ ಪೂರ್ಣ ವೇಗದಲ್ಲಿ ಓಡಿಸಿದವರ ಪಾಡೇನು! ಬಿಸಿಯಾದ ಬೇರಿಂಗನ್ನು ಕೈಯಿಂದ ಮುಟ್ಟಿ ನೋಡುತ್ತಾ, ಏರಿಳಿಯುವ ಉಕ್ಕಿನ ತೋಳುಗಳ ನಡುವೆ ಎಣ್ಣೆ ಹಾಕಿದ ಆ ನಾವಿಕರನ್ನು ನೆನೆದಾಗ ನನ್ನ ಗೌರವ ಇಮ್ಮಡಿಯಾಗುತ್ತದೆ.

ಟರ್ಬೈನಿನ ಚಕ್ರ ಐದು ಸೆಂಟಿಮೀಟರಿನದು. ಅಲಗುಗಳನ್ನು ಕೊರೆಯಲು ಎರಡು ತಿಂಗಳು ಬೇಕಾಯಿತು. ಉಗಿ ಬಿಟ್ಟಾಗ ಸಣ್ಣ ಶಿಳ್ಳೆಯಂಥ ದನಿ ಬಿಟ್ಟರೆ ನಡುಕವೇ ಇಲ್ಲ. ಒಡಲಿನ ಮೇಲಿಟ್ಟ ನಾಣ್ಯ ಕದಲಲಿಲ್ಲ. ಆ ಕ್ಷಣದ ಸಂತೋಷವನ್ನು ಹೇಳಲಾರೆ. ಆದರೆ ನೀರು ಏಳೇ ನಿಮಿಷದಲ್ಲಿ ಮುಗಿಯಿತು. ಪುಟ್ಟ ಚಕ್ರದ ಸಂದಿನಲ್ಲಿ ಉಗಿ ಹೆಚ್ಚು ಸೋರುವುದರಿಂದ ಈ ಲೆಕ್ಕವನ್ನು ನಿಜವಾದ ದೋಣಿಗೆ ಹಾಗೆಯೇ ಅನ್ವಯಿಸುವಂತಿಲ್ಲ. ಅನ್ವಯಿಸುವ ಮಾತು ಇನ್ನೊಂದಿದೆ: ನಿಧಾನವಾಗಿ ಓಡಿಸಿದರೆ ಟರ್ಬೈನ್ ಉಗಿಯನ್ನು ವ್ಯರ್ಥ ಮಾಡುತ್ತದೆ. ಅಲಗು ಉಗಿಯ ವೇಗಕ್ಕೆ ತಕ್ಕಂತೆ ಓಡಬೇಕು. ಪ್ರೊಪೆಲ್ಲರಾದರೋ ತೀರ ವೇಗವಾಗಿ ತಿರುಗಿದರೆ ನೀರಿನಲ್ಲಿ ಗುಳ್ಳೆಯೆಬ್ಬಿಸಿ ಹಿಡಿತ ಕಳೆದುಕೊಳ್ಳುತ್ತದೆ. ನಾನು ನಡುವೆ ಗೇರ್ ಹಾಕಿ ಪಾರಾದೆ. ಅಂದಿನ ದೋಣಿಗಳಲ್ಲಿ ಟರ್ಬೈನ್ ನೇರವಾಗಿ ಪ್ರೊಪೆಲ್ಲರ್ ದಂಡಕ್ಕೇ ಜೋಡಣೆಯಾಗಿತ್ತು, ಎರಡಕ್ಕೂ ಒಪ್ಪದ ವೇಗದಲ್ಲಿ ಅವು ದುಡಿಯಬೇಕಿತ್ತು. ಹಿಂದಕ್ಕೆ ಚಲಿಸಲು ಪ್ರತ್ಯೇಕ ಟರ್ಬೈನ್ ಬೇಕು. ಅದನ್ನು ನಾನು ಮಾಡಲಿಲ್ಲ, ದೋಣಿಯನ್ನು ದಾರ ಕಟ್ಟಿ ಎಳೆದುಕೊಂಡೆ.

ಕಲ್ಲಿದ್ದಲನ್ನು ಅಳೆದು ಸುಡುತ್ತಿದ್ದ ಅಂದಿನ ಪುಟ್ಟ ಟಾರ್ಪಿಡೊ ದೋಣಿ ತನ್ನ ಆಯುಷ್ಯದ ಬಹುಪಾಲನ್ನು ಸಾಧಾರಣ ವೇಗದಲ್ಲೇ ಕಳೆಯುತ್ತಿತ್ತು. ಹಾಗಾಗಿ ಪಿಸ್ಟನ್ನಿಗೆ ಮರಳಿದವರನ್ನು ಹಳೆಯದಕ್ಕೆ ಅಂಟಿಕೊಂಡವರೆಂದು ದೂರುತ್ತಿದ್ದ ನನ್ನ ಅಭಿಪ್ರಾಯ ಬದಲಾಗಿದೆ. ಚೀನಾದಲ್ಲಿ ಆಗ ಜರ್ಮನಿಯ ವಶದಲ್ಲಿದ್ದ ಚಿಂಗ್‌ಟಾವ್ ಬಂದರಿನ ಎಸ್90 ಪಿಸ್ಟನ್ ದೋಣಿಯೇ; 1914ರ ಅಕ್ಟೋಬರ್‌ನಲ್ಲಿ ಜಪಾನಿನ ಟಕಚಿಹೊ ಕ್ರೂಸರನ್ನು ಮುಳುಗಿಸಿದ್ದು ಅದೇ.

ಆದರೂ ಆರಿಸು ಎಂದರೆ ನನ್ನ ಮತ ಟರ್ಬೈನಿಗೆ. ವಿ150ರ ಸರಣಿ ಸುಮಾರು 30 ನಾಟ್ (ಒಂದು ನಾಟ್ ಎಂದರೆ ಗಂಟೆಗೆ ಸುಮಾರು 1.85 ಕಿ.ಮೀ.) ಓಡಿದರೆ ವಿ161 ಸುಮಾರು 33 ಮುಟ್ಟಿತು. ಟಾರ್ಪಿಡೊ ಬಿಡಲು ಶತ್ರುವಿನ ಫಿರಂಗಿಗಳ ಎದುರು ನುಗ್ಗಿ, ಬಿಟ್ಟ ಮೇಲೆ ಬದುಕಿ ಹಿಂದಿರುಗಬೇಕಾದ ದೋಣಿಗೆ ಆ ಮೂರು ನಾಟ್ ಸಣ್ಣದಲ್ಲ. ಅದನ್ನು ಯಂತ್ರ ಮುರಿಯುವ ಭಯವಿಲ್ಲದೆ ಉಳಿಸಿಕೊಳ್ಳಬಲ್ಲದ್ದು ಇನ್ನೂ ದೊಡ್ಡದು. ನನ್ನ ಒಡಲಿನಲ್ಲಿ ಈಗ ಟರ್ಬೈನೇ ಇದೆ. ಹಿಂದೆ ಸರಿಸುವ ಎರಡನೆಯ ಚಕ್ರದ ಅಲಗುಗಳನ್ನು ಕೊರೆಯುತ್ತಿದ್ದೇನೆ.