ಜುನೂನ್ (1978): ದಿಲ್ಲಿ ಬಿದ್ದರೆ ಮದುವೆಯಿಲ್ಲ

1857ರ ಮೇ ತಿಂಗಳ ಒಂದು ಭಾನುವಾರ ಶಹಜಹಾನ್‌ಪುರದ ಚರ್ಚಿಗೆ ದಂಗೆಕೋರರು ನುಗ್ಗುತ್ತಾರೆ. ರೂತ್‌ಳ (ನಫೀಸಾ ಅಲಿ) ತಂದೆ ಅಲ್ಲೇ ಸಾಯುತ್ತಾನೆ. ನಿನ್ನೆಯವರೆಗೆ ಆಳುವವರ ಪೈಕಿಯಾಗಿದ್ದ ಆ ಮನೆಯ ಹೆಂಗಸರು ಮೊದಲು ಪರಿಚಯದ ಲಾಲಾ ರಾಮ್‌ಜಿಮಲ್ ಮನೆಯಲ್ಲಿ ಅಡಗುತ್ತಾರೆ, ಆಮೇಲೆ ಪಠಾಣ ಜಾವೇದ್ ಖಾನ್ (ಶಶಿ ಕಪೂರ್) ಅವರನ್ನು ಬಲವಂತವಾಗಿ ತನ್ನ ಜನಾನಾಕ್ಕೆ ಎಳೆದು ತರುತ್ತಾನೆ. ಹೆಂಡತಿ ಇರುವ ಈ ಗಂಡಸಿಗೆ ಇನ್ನೂ ಎಳೆಯಳಾದ ರೂತ್ ಬೇಕು.

ನಿರ್ದೇಶಕ ಶ್ಯಾಮ್ ಬೆನಗಲ್ ಇದನ್ನು ಪ್ರೇಮ ಎಂದು ಸುಮ್ಮನೆ ಒಪ್ಪಿಕೊಳ್ಳುವುದಿಲ್ಲ. ಚಿತ್ರದ ಹೆಚ್ಚುಗಾರಿಕೆಯೇ ಅದು. ರೂತ್‌ಳ ತಾಯಿ ಮರಿಯಂ (ಜೆನಿಫರ್ ಕೆಂಡಲ್) ಇಲ್ಲವೆನ್ನುವ ಸ್ಥಿತಿಯಲ್ಲಿಲ್ಲ, ಹೂಂ ಎನ್ನಲು ಮನಸ್ಸಿಲ್ಲ. ಆಕೆ ಷರತ್ತು ಹಾಕುತ್ತಾಳೆ: ದಿಲ್ಲಿ ದಂಗೆಕೋರರ ಕೈಯಲ್ಲೇ ಉಳಿದರೆ ಮಗಳು ನಿನ್ನವಳು, ಇಂಗ್ಲಿಷರು ಗೆದ್ದರೆ ಆಸೆ ಬಿಡಬೇಕು. ಅಲ್ಲಿಂದಾಚೆ ದೂರದ ಯುದ್ಧದ ಪ್ರತಿ ಸುದ್ದಿಯೂ ಈ ಮನೆಯ ಮದುವೆ ಮಾತುಕತೆಯೇ. ಕೆಂಡಲ್ ತಗ್ಗಿದ ದನಿಯಲ್ಲಿ ಉರ್ದು ಆಡುತ್ತಾ, ಎದುರಿನವನನ್ನು ಅಳೆಯುತ್ತಾ ನಿಲ್ಲುವ ರೀತಿ ನೋಡಿ. ಆಕೆ ಮತ್ತು ಶಶಿ ಕಪೂರ್ ನಿಜಜೀವನದಲ್ಲಿ ಗಂಡಹೆಂಡತಿಯಾಗಿದ್ದರು ಎಂಬುದೇ ಮರೆತುಹೋಗುತ್ತದೆ.

ಜಾವೇದನಿಗೆ ಪಾರಿವಾಳದ ಹುಚ್ಚು. ದಿಲ್ಲಿ ಸೋತ ಸುದ್ದಿ ಹೊತ್ತು ಬರುವ ಅವನ ಭಾವಮೈದ ಸರ್ಫರಾಜ್ (ನಾಸಿರುದ್ದೀನ್ ಷಾ) ಆ ಗೂಡುಗಳನ್ನೇ ಒಡೆದುಹಾಕುವ ದೃಶ್ಯದಲ್ಲಿ ಸೋಲಿನ ಸಿಟ್ಟು, ಮನೆಯಲ್ಲಿ ಕೂತು ಹುಡುಗಿಯ ಧ್ಯಾನ ಮಾಡುತ್ತಿದ್ದವನ ಮೇಲಿನ ಹೇಸಿಗೆ ಎರಡೂ ಇವೆ. ಜಾವೇದನ ಹೆಂಡತಿ ಫಿರ್ದೌಸ್ ಪಾತ್ರದ ಶಬಾನಾ ಆಜ್ಮಿಗೆ ಸಿಕ್ಕಿರುವುದು ಮಾತ್ರ ಬರೀ ಕೆರಳುವ ಕೆಲಸ.

ದೊಡ್ಡ ಕೊರತೆ ರೂತ್. ಬಹುಪಾಲು ಚಿತ್ರದಲ್ಲಿ ಆಕೆ ಹೆದರಿದ ಮುಖ, ಅಷ್ಟೇ. ಕೊನೆಗೆ ತಾಯಿ ಬೇಡವೆಂದರೂ ಜಾವೇದನ ಮುಂದೆ ಬರುತ್ತಾಳೆ. ಭಯ ಒಲವಾಗಿ ತಿರುಗಿದ್ದು ಯಾವಾಗ ಎಂದು ಚಿತ್ರ ತೋರಿಸುವುದಿಲ್ಲ. ಅವಳು ಮದುವೆಯಾಗದೆ ಇಂಗ್ಲೆಂಡಿನಲ್ಲಿ ಸತ್ತಳೆಂದು ಹಿನ್ನೆಲೆ ದನಿ ಹೇಳುತ್ತದೆ. 2001ರ ‘ಲಗಾನ್’ ಕೂಡ ಎಲಿಜಬೆತ್‌ಳನ್ನು ಹೀಗೆಯೇ ಅವಿವಾಹಿತೆಯಾಗಿ ಲಂಡನ್ನಿಗೆ ಕಳಿಸಿತು. ಇಂಗ್ಲಿಷ್ ಹುಡುಗಿಯ ಒಲವಿಗೆ ನಮ್ಮ ಸಿನಿಮಾದವರಿಗೆ ಬೇರೆ ಮುಕ್ತಾಯ ಹೊಳೆಯುವುದೇ ಇಲ್ಲವೇನೋ!

ಗೋವಿಂದ ನಿಹಲಾನಿಯವರ ಛಾಯಾಗ್ರಹಣಕ್ಕಾಗಿ ದೊಡ್ಡ ಪರದೆಯಲ್ಲಿ ನೋಡುವುದು ಲೇಸು. ಉರ್ದು ಬಾರದವರು ಸಬ್‌ಟೈಟಲ್ ಇರುವ ಪ್ರತಿಯನ್ನೇ ಹುಡುಕಿ: ಷರತ್ತಿನ ಮಾತುಕತೆ ಅರ್ಥವಾಗದಿದ್ದರೆ ಮುಂದಿನ ಭಾಗದ ಬಿಗಿ ದಕ್ಕುವುದಿಲ್ಲ.