ಅಂಗಳದ ಪರದೆಯಲ್ಲಿ ಮೂರು ಮೂಕಿ ಸಂಸಾರಗಳು

ಶಿರಸಿಯ ಸುತ್ತಲಿನ ಹಳ್ಳಿಗಳಿಗೆ ಪರದೆ, ಪ್ರೊಜೆಕ್ಟರು, ಸ್ಪೀಕರು ತಂದು ಮನೆಯಂಗಳದಲ್ಲೇ ಸಿನಿಮಾ ತೋರಿಸುವ ಬಾಡಿಗೆ ಸೇವೆಯೊಂದನ್ನು ಸತ್ಯನಾರಾಯಣ ಕಥೆಯ ರಾತ್ರಿ ನಮ್ಮ ಮನೆಗೆ ಕರೆಸಿದ್ದೆವು. ಗಂಡ ಹೆಂಡಿರ ಸಂಸಾರವನ್ನೇ ಹಾಸ್ಯಕ್ಕೆ ವಸ್ತುವಾಗಿಸಿಕೊಂಡ, ಮೂಕಿ ಯುಗದ ಮೂರು ಅಮೆರಿಕನ್ ಕಿರುಚಿತ್ರಗಳು ಅವರ ಪಟ್ಟಿಯಲ್ಲಿದ್ದವು. ಆಯ್ಕೆಯನ್ನು ಮನಸಾರೆ ಮೆಚ್ಚುತ್ತೇನೆ, ತೋರಿಸಿದ ರೀತಿಯನ್ನಲ್ಲ.

ಮೊದಲನೆಯದು 1912ರ ‘ಎ ಕ್ಯೂರ್ ಫಾರ್ ಪೋಕರೈಟಿಸ್’. ಇನ್ನು ಇಸ್ಪೀಟು ಮುಟ್ಟುವುದಿಲ್ಲವೆಂದು ಆಣೆಯಿಟ್ಟ ಗಂಡ, ದಢೂತಿ ದೇಹದ ಜಾನ್ ಬನ್ನಿ, ಸಂಘದ ಸಭೆಯ ನೆಪ ಹೂಡಿ ಮತ್ತೆ ಆಟಕ್ಕೆ ಹೋಗುತ್ತಾನೆ; ನಿದ್ದೆಯಲ್ಲಿ ಬಡಬಡಿಸಿ ಸಿಕ್ಕಿಬೀಳುತ್ತಾನೆ. ಕಡ್ಡಿಯಂತಿರುವ ಹೆಂಡತಿ ಫ್ಲೋರಾ ಫಿಂಚ್, ಬಂಧುವೊಬ್ಬನ ಬೈಬಲ್ ತರಗತಿಯವರಿಗೆ ಪೊಲೀಸ್ ವೇಷ ಹಾಕಿಸಿ ಆಟದ ಕೋಣೆಗೆ ದಾಳಿ ಮಾಡಿಸುತ್ತಾಳೆ. ಮದುವೆಮನೆಗಳಲ್ಲಿ ಬೆಳಗಿನವರೆಗೆ ಇಸ್ಪೀಟು ಆಡುವ ನಮ್ಮ ಸೀಮೆಯವರಿಗೆ ಇದನ್ನು ಬಿಡಿಸಿ ಹೇಳಬೇಕೇ? ಜಗುಲಿಯಲ್ಲಿ ಕುಳಿತ ಹೆಂಗಸರು ನಕ್ಕ ರೀತಿಗೆ ಒಬ್ಬಿಬ್ಬರು ಭಾವಂದಿರು ಕವಳದ ನೆಪದಲ್ಲಿ ಎದ್ದುಹೋದರು. ಆದರೆ ಕೈಯಿಂದ ಹಿಡಿಕೆ ತಿರುಗಿಸಿ ಸೆಕೆಂಡಿಗೆ ಸುಮಾರು 16 ಚೌಕಟ್ಟುಗಳಂತೆ (ಬಿಡಿ ಚಿತ್ರಗಳಂತೆ) ಚಿತ್ರೀಕರಿಸುತ್ತಿದ್ದ ಕಾಲದ ಚಿತ್ರವನ್ನು ಇವರು 24ರ ವೇಗದಲ್ಲಿ ಓಡಿಸಿದ್ದರಿಂದ, ಫಿಂಚ್ ಮುಖದಲ್ಲಿ ಅನುಮಾನ ಮೂಡಿ ಬಲಿಯುವುದನ್ನು ನೋಡಲು ಪುರುಸೊತ್ತೇ ಸಿಗಲಿಲ್ಲ.

ಹಾಸ್ಯನಟ ಬಸ್ಟರ್ ಕೀಟನ್‌ನ ‘ಒನ್ ವೀಕ್’ (1920) ಮೂರರಲ್ಲೂ ಶ್ರೇಷ್ಠ. ನವದಂಪತಿಗೆ ಉಡುಗೊರೆಯಾಗಿ ಬಂದ ಜೋಡಿಸಿ ಕಟ್ಟಿಕೊಳ್ಳುವ ಬಿಡಿಭಾಗಗಳ ಮನೆಯ ಪೆಟ್ಟಿಗೆಗಳ ಮೇಲಿನ ಕ್ರಮಸಂಖ್ಯೆಗಳನ್ನು ಹಳೆಯ ಪ್ರತಿಸ್ಪರ್ಧಿಯೊಬ್ಬ ತಿದ್ದಿಬಿಡುತ್ತಾನೆ. ಹಾಗೆ ಎದ್ದು ನಿಂತ ಸೊಟ್ಟ ಮನೆ ಬಿರುಗಾಳಿಗೆ ಗಿರಗಿರನೆ ತಿರುಗುತ್ತದೆ. ಇದಕ್ಕಾಗಿ ಮನೆಯನ್ನು ನಿಜವಾಗಿಯೂ ತಿರುಗುವ ವೇದಿಕೆಯ ಮೇಲೆ ಕಟ್ಟಿದ್ದರು. ಹಿಂದಿನ ಚಿತ್ರದ ಹೆಂಡತಿ ಗಂಡನನ್ನು ಕಾಯುವವಳಾದರೆ, ಇಲ್ಲಿ ಸಿಬಿಲ್ ಸೀಲಿ ಗಂಡನ ಸಮಕ್ಕೆ ದುಡಿಯುತ್ತಾಳೆ, ಸಮಕ್ಕೆ ಪೆಟ್ಟು ತಿನ್ನುತ್ತಾಳೆ. ಈ ಜೋಡಿಯ ಮೇಲೆ ನಮಗೆ ಅಕ್ಕರೆ ಹುಟ್ಟುವುದು ಅದರಿಂದಲೇ. ಹಳಿಯ ಮೇಲೆ ಸಿಕ್ಕಿಕೊಂಡ ಮನೆಯ ಪಕ್ಕದಿಂದ ರೈಲು ಹಾದುಹೋಗಿ, ಇಬ್ಬರೂ ಉಸಿರುಬಿಡುವ ಹೊತ್ತಿಗೆ ಎದುರು ದಿಕ್ಕಿನಿಂದ ಇನ್ನೊಂದು ಬಂದು ಅಪ್ಪಳಿಸುತ್ತದೆ. ಆ ನಡುವಿನ ಕ್ಷಣಕ್ಕೆ ಮೌನ ಬೇಕು. ಎಲ್ಲಿ ಕೈ ತಡೆಯಬೇಕೆಂದು ನಮ್ಮ ಮದ್ದಳೆಗಾರರಿಗೆ ಗೊತ್ತಿರುತ್ತದೆ. ಇವರು ಹಚ್ಚಿದ ಪಿಯಾನೋ ಧ್ವನಿಮುದ್ರಿಕೆ ಮಾತ್ರ ಒಂದೇ ಸಮನೆ ಬಾರಿಸುತ್ತಲೇ ಇತ್ತು.

ಇನ್ನೊಬ್ಬ ಹಾಸ್ಯನಟ ಚಾರ್ಲಿ ಚೇಸ್‌ನ ‘ಮೈಟಿ ಲೈಕ್ ಎ ಮೂಸ್’ (1926) ಚತುರವಾದದ್ದು. ಗಂಡ ಉಬ್ಬುಹಲ್ಲನ್ನೂ ಹೆಂಡತಿ ದೊಡ್ಡ ಮೂಗನ್ನೂ ಗುಟ್ಟಾಗಿ ಸರಿಪಡಿಸಿಕೊಂಡು, ಗುರುತು ಸಿಗದೆ ಪರಸ್ಪರರಿಗೇ ಮನಸೋಲುತ್ತಾರೆ. ಅಷ್ಟರಲ್ಲಿ ಮಕ್ಕಳು ಮಲಗಿದ್ದರು.

ಕರೆಸುವವರು ಚಿತ್ರದ ವೇಗವನ್ನು ಮುಂಚಿತವಾಗಿ ಕೇಳಿ ಖಚಿತಪಡಿಸಿಕೊಳ್ಳಲಿ, ಸ್ಪೀಕರನ್ನು ಬೇಡವೆನ್ನಲಿ. ಬಾಡಿಗೆಯಲ್ಲೂ ಸ್ವಲ್ಪ ಇಳಿಸುತ್ತಾರೆ.