ಆನ್ಯೆಸ್ ವಾರ್ದಾ ಬ್ಲೂ-ರೇ ಬಾಕ್ಸ್ ಸೆಟ್: ರೇಟ್ ಜಾಸ್ತಿನೇ, ಆದ್ರೂ ತಗೊಳ್ಳಿ
ಕ್ಯಾಮೆರಾ, ಎಡಿಟಿಂಗ್, ವಾಯ್ಸ್ ಓವರ್ ಎಲ್ಲಾ ಒಬ್ರೇ ಮೈಮೇಲೆ ಹಾಕ್ಕೊಂಡು ಡಾಕ್ಯುಮೆಂಟರಿ ಮಾಡೋರಿಗೆ ಇದರ ಬಗ್ಗೆ ಹೇಳ್ಲೇಬೇಕು ಅನ್ನಿಸ್ತು. ಹೆಸರಾಂತ ಸಿನಿಮಾಗಳ ಡಿಸ್ಕ್ ತರೋ ಅಮೆರಿಕದ ಕಂಪನಿ ಕ್ರೈಟೀರಿಯನ್‌ನವ್ರು 2020ರಲ್ಲಿ ತಂದ ಸೆಟ್ಟು, ಫ್ರಾನ್ಸಿನ ನಿರ್ದೇಶಕಿ ಆನ್ಯೆಸ್ ವಾರ್ದಾ ಅವರ 39 ಸಿನಿಮಾ, 15 ಡಿಸ್ಕು, ಜೊತೆಗೆ 200 ಪೇಜಿನ ಪುಸ್ತಕ.

ಡಿಸ್ಕುಗಳನ್ನ ವರ್ಷದ ಲೆಕ್ಕದಲ್ಲಿ ಜೋಡಿಸಿಲ್ಲ, ವಿಷಯದ ಪ್ರಕಾರ ಜೋಡಿಸಿದಾರೆ, ನಂಗೆ ತುಂಬಾ ಹಿಡಿಸಿದ್ದೇ ಇದು. ಯಾಕಂದ್ರೆ ವಾರ್ದಾ ಶುರು ಮಾಡಿದ್ದು ನಾಟಕದ ಫೋಟೋ ತೆಗೆಯೋ ಕೆಲಸದಿಂದ, ಆಮೇಲೆ ಸೆತ್ ಅನ್ನೋ ಊರಿನ ಮೀನುಗಾರರ ಕೇರಿಲಿ ಮೊದಲ್ನೇ ಸಿನಿಮಾ (1955), ಅದಕ್ಕಂತ ಸ್ವಂತ ಕಂಪನಿ, 2003ರಲ್ಲಿ ನೋಡಿದ್ರೆ ವೆನಿಸ್ ಬಿನಾಲೆ ಅನ್ನೋ ದೊಡ್ಡ ಕಲಾ ಪ್ರದರ್ಶನದಲ್ಲಿ 700 ಕೆಜಿ ಆಲೂಗಡ್ಡೆ ಸುರಿದು ಇನ್‌ಸ್ಟಾಲೇಷನ್ ಕಲಾಕೃತಿ! ಒಂದೊಂದನ್ನೇ ಕೇಳಿದ್ರೆ ತಲೆಬುಡ ಗೊತ್ತಾಗಲ್ಲ, ಒಟ್ಟಿಗೆ ನೋಡಿದಾಗ ಫೋಟೋಗ್ರಾಫರ್ ಕಣ್ಣೇ ಎಲ್ಲಾ ಕಡೆ ಕೆಲಸ ಮಾಡ್ತಿರೋದು ಕಾಣ್ಸುತ್ತೆ.

ಮೊದಲು ರೂ ದಾಗೇರ್ ಡಿಸ್ಕ್ ಹಾಕಿ. ಅದು ಪ್ಯಾರಿಸ್‌ನಲ್ಲಿ ಅವರ ಮನೆ ಇದ್ದ ಬೀದಿ. ಮಗ ಚಿಕ್ಕೋನು, ದೂರ ಹೋಗೋ ಹಾಗಿಲ್ಲ, ಅದಕ್ಕೆ ಮನೆಯಿಂದ್ಲೇ ಕರೆಂಟ್ ವೈರ್ ಎಳ್ದು ಆ ವೈರ್ ಎಲ್ಲಿವರೆಗೆ ಬರುತ್ತೋ ಅಲ್ಲಿವರೆಗಿನ ಅಂಗಡಿಯೋರನ್ನಷ್ಟೇ ಶೂಟ್ ಮಾಡಿದಾರೆ. ಬೇಕರಿಯೋರು, ಮಾಂಸದಂಗಡಿಯೋರು, ಸೆಂಟು ಮಾರೋ ವಯಸ್ಸಾದ ಗಂಡ ಹೆಂಡತಿ. ಆ ಅಜ್ಜಿಗೆ ಮರೆವು, ಸಂಜೆ ಆದ್ರೆ ಎಲ್ಲಿಗೋ ಹೊರಡ್ಬೇಕು ಅಂತ ಬಾಗಿಲ ಹತ್ರ ಬರ್ತಾರೆ, ಕ್ಯಾಮೆರಾ ಒಂಚೂರೂ ಅವಸರ ಮಾಡಲ್ಲ. ಇಷ್ಟು ಮರ್ಯಾದೆ ಕೊಟ್ಟು ಮನುಷ್ಯರನ್ನ ತೋರಿಸೋದು ಅಪರೂಪ ಕಣ್ರೀ.

2000ದಲ್ಲಿ ಬಂದ ಡಾಕ್ಯುಮೆಂಟರಿನೂ ತಪ್ಪಿಸ್ಬೇಡಿ, ಕೊಯ್ಲಾದ್ಮೇಲೆ ಹೊಲದಲ್ಲಿ ಬಿಟ್ಟಿದ್ದನ್ನ ಆಯ್ದುಕೊಳ್ಳೋರ ಬಗ್ಗೆ. ವಾರ್ದಾಗೆ ಆಗ ಎಪ್ಪತ್ತು ದಾಟಿದೆ, ಪುಟ್ಟ ಡಿಜಿಟಲ್ ಕ್ಯಾಮೆರಾ ಹಿಡ್ಕೊಂಡು ಒಂದು ಕೈಯಲ್ಲಿ ತಮ್ಮದೇ ಇನ್ನೊಂದು ಕೈಯ ಸುಕ್ಕು ಶೂಟ್ ಮಾಡ್ತಾರೆ. ಒಂದ್ಸಲ ಕ್ಯಾಮೆರಾ ಆಫ್ ಮಾಡೋಕೆ ಮರೆತು ಲೆನ್ಸ್ ಕ್ಯಾಪ್ ಜೋತಾಡ್ತಿರೋದು ರೆಕಾರ್ಡ್ ಆಗಿದೆ, ಬೇರೆಯೋರಾಗಿದ್ರೆ ಡಿಲೀಟ್ ಮಾಡಿರೋರು, ಇವ್ರು ಅದಕ್ಕೆ ಜಾಸ್ ಮ್ಯೂಸಿಕ್ ಹಾಕಿ ಡ್ಯಾನ್ಸ್ ಮಾಡಿಸಿದಾರೆ. ಶೂಟ್ ಮಾಡಿದೋರೇ ಎಡಿಟಿಂಗ್‌ಗೂ ಕೂತ್ರೆ ಮಾತ್ರ ಇಂಥದ್ದು ಉಳಿಯೋದು.

ಕಥಾಚಿತ್ರಗಳೂ ಇವೆ, ಚೆನ್ನಾಗಿವೆ, ಆದ್ರೆ ನಾನು ತಿರುಗಿ ತಿರುಗಿ ಹಾಕೋದು ಡಾಕ್ಯುಮೆಂಟರಿಗಳನ್ನೇ.

ತಗೊಳ್ಳೋ ಮುಂಚೆ ಒಂದು ವಿಷಯ, ಬ್ಲೂ-ರೇ ಡಿಸ್ಕು, ಪ್ಲೇಯರ್‌ಗಳಿಗೆ ದೇಶದ ಪ್ರಕಾರ ರೀಜನ್ ಅಂತ ಲಾಕ್ ಇರುತ್ತೆ, ಇವು ರೀಜನ್ ಎ ಡಿಸ್ಕು, ಇಂಡಿಯಾ ರೀಜನ್ ಸಿ, ಹಾಗಾಗಿ ಎಲ್ಲಾ ರೀಜನ್ ಡಿಸ್ಕೂ ಓಡಿಸೋ ರೀಜನ್ ಫ್ರೀ ಪ್ಲೇಯರ್ ಅಥವಾ ರೀಜನ್ ಎ ಪ್ಲೇಯರ್ ಇಲ್ದಿದ್ರೆ ಓಡಲ್ಲ. ಸಬ್‌ಟೈಟಲ್ ಇಂಗ್ಲಿಷ್‌ನಲ್ಲಿ ಮಾತ್ರ. ಒಬ್ರಿಗೆ ಭಾರ ಅನ್ಸಿದ್ರೆ ನಾಲ್ಕೈದು ಫ್ರೆಂಡ್ಸ್ ಸೇರಿ ತಗೊಳ್ಳಿ, ಕಾಲೇಜಲ್ಲಿ ಫಿಲ್ಮ್ ಪಾಠ ಮಾಡೋರಿದ್ರೆ ದಯವಿಟ್ಟು ಲೈಬ್ರರಿಗೆ ತರಿಸಿ.